ಟ್ರೈಕ್ವೆಟ್ರಾ: ಮೂರು ಮೂಲೆಯ ಒಂದು ಪದದ ಸಂಸಾರ

ಮಹಾನಗರಗಳಲ್ಲಿ ನೆಲೆಸಿರುವ ಕನ್ನಡ ಕುಟುಂಬಗಳಿಗೂ ಲ್ಯಾಟಿನ್ ಭಾಷೆಗೂ ಏನು ಸಂಬಂಧವೆಂದು ಯಾರಾದರೂ ಕೇಳಿದರೆ ಥಟ್ಟನೆ ಉತ್ತರ ಹೊಳೆಯುವುದು ಕಷ್ಟ. ಆದರೆ ವೈದ್ಯರ ವರದಿ, ಮಕ್ಕಳ ಜೀವಶಾಸ್ತ್ರದ ಪಠ್ಯ, ಸಸ್ಯೋದ್ಯಾನದ ಮರಗಳಿಗೆ ತೂಗುಹಾಕಿದ ತಗಡಿನ ಹಲಗೆ ಇವುಗಳ ಮೂಲಕ ಆ ಭಾಷೆ ನಮ್ಮ ಮನೆಗಳಿಗೆ ಬಂದುಹೋಗುತ್ತಲೇ ಇದೆ. ಬ್ಯಾಂಕಿನ ಉದ್ಯೋಗದಲ್ಲಿರುವ ನಾವು ದಿನಕ್ಕೆ ನೂರು ಬಾರಿ ಉಚ್ಚರಿಸುವ ‘ಬ್ಯಾಲೆನ್ಸ್’ ಎಂಬ ಪದವೂ, ಎರಡು ತಟ್ಟೆಗಳುಳ್ಳ ತಕ್ಕಡಿ ಎಂಬ ಅರ್ಥದ ಲ್ಯಾಟಿನ್ ಪದದಿಂದಲೇ ಹುಟ್ಟಿದ್ದು. ಎರಡರ ಲೆಕ್ಕವನ್ನು ಕಚೇರಿಗೇ ಬಿಟ್ಟು, ಈ ಲೇಖನದಲ್ಲಿ ಮೂರರ ಲೆಕ್ಕಕ್ಕೆ ಬರೋಣ.

‘ಟ್ರೈಕ್ವೆಟ್ರಸ್’ ಎಂಬುದು ಹಳೆಯ ಲ್ಯಾಟಿನ್ ಗುಣವಾಚಕ. ಮೂರು ಮೂಲೆಯುಳ್ಳ ಎಂಬುದು ಅದರ ಅರ್ಥ. ಪದದ ಮೊದಲಲ್ಲಿರುವ ‘ಟ್ರೈ’ ನಮ್ಮ ‘ತ್ರಿ’ಯ ದಾಯಾದಿ. 1786ರಲ್ಲಿ ಕಲ್ಕತ್ತೆಯ ಏಷಿಯಾಟಿಕ್ ಸೊಸೈಟಿಯ ಭಾಷಣದಲ್ಲಿ ಸರ್ ವಿಲಿಯಂ ಜೋನ್ಸ್ ಸಂಸ್ಕೃತ, ಗ್ರೀಕ್, ಲ್ಯಾಟಿನ್‌ಗಳು ಒಂದೇ ಮೂಲದಿಂದ ಬಂದಿರಬೇಕೆಂದು ಹೇಳಿದ್ದನ್ನು ಹಲವರು ಓದಿರಬಹುದು. ಕನ್ನಡದಲ್ಲಿ ಚಿಕ್ಕವನು, ಚಿಕ್ಕವಳು, ಚಿಕ್ಕದು ಎಂದು ಲಿಂಗಾನುಸಾರ ರೂಪ ಬದಲಾಗುವಂತೆ ಲ್ಯಾಟಿನ್‌ನಲ್ಲಿಯೂ ಈ ಪದ ಪುಲ್ಲಿಂಗಕ್ಕೆ ಟ್ರೈಕ್ವೆಟ್ರಸ್, ಸ್ತ್ರೀಲಿಂಗಕ್ಕೆ ಟ್ರೈಕ್ವೆಟ್ರಾ, ನಪುಂಸಕಕ್ಕೆ ಟ್ರೈಕ್ವೆಟ್ರಮ್ ಎಂದು ಮೂರು ವೇಷ ಧರಿಸುತ್ತದೆ. ದ್ವೀಪ ಆ ಭಾಷೆಯಲ್ಲಿ ಹೆಣ್ಣು, ಆದ್ದರಿಂದ ಟ್ರೈಕ್ವೆಟ್ರಾ. ಮೂಳೆ ನಪುಂಸಕ, ಆದ್ದರಿಂದ ಟ್ರೈಕ್ವೆಟ್ರಮ್. ಮುಂದೆ ಬರುವ ಹೆಸರುಗಳ ಬಾಲ ಏಕೆ ಬದಲಾಗುತ್ತಿದೆ ಎಂಬ ಗೊಂದಲ ವಾಚಕರಿಗೆ ಬಾರದಿರಲೆಂದು ಇಷ್ಟು ವ್ಯಾಕರಣ.

ಈ ಪದದ ಸ್ವಭಾವವನ್ನು ಮೊದಲೇ ಅರಿತಿರುವುದು ಒಳ್ಳೆಯದು. ಅದು ಯಾವ ವಸ್ತುವಿನ ಹೆಸರನ್ನೂ ಹೇಳುವುದಿಲ್ಲ. ಆಕಾರವನ್ನು ಮಾತ್ರ ಹೇಳಿ ಸುಮ್ಮನಾಗುತ್ತದೆ. ಹೀಗಾಗಿ ಅದು ಯಾರ ಮನೆಗೆ ಹೋದರೂ ಆ ಮನೆಯವರದೇ ಆಗಿಬಿಡುತ್ತದೆ. ಭೂಪಟ ನೋಡುವವನಿಗೆ ಅದು ದ್ವೀಪ, ಖಗೋಳಜ್ಞನಿಗೆ ಉಪಕರಣ, ಮೂಳೆ ವೈದ್ಯನಿಗೆ ಮಣಿಕಟ್ಟಿನ ಎಲುಬು, ಸಸ್ಯಶಾಸ್ತ್ರಜ್ಞನಿಗೆ ಕಾಂಡ, ಚಿತ್ರಗಾರನಿಗೆ ಗಂಟು.

ದ್ವೀಪದಿಂದಲೇ ಆರಂಭಿಸೋಣ. ರೋಮನ್ ಸೇನಾಪತಿ ಜೂಲಿಯಸ್ ಸೀಸರ್ ಕ್ರಿಸ್ತಪೂರ್ವ 55 ಮತ್ತು 54ರಲ್ಲಿ ಎರಡು ಬಾರಿ ಬ್ರಿಟನ್ನಿಗೆ ದಂಡೆತ್ತಿ ಹೋದನು. ಗಾಲ್ ಯುದ್ಧದ ಬಗ್ಗೆ ತಾನೇ ಬರೆದ ಗ್ರಂಥದ ಐದನೆಯ ಭಾಗದಲ್ಲಿ ಆತ ಬ್ರಿಟನ್ ದ್ವೀಪವನ್ನು ವರ್ಣಿಸುವಾಗ ಬಳಸಿದ ಪದ ಇದೇ. ಗಾಲ್ ದೇಶದ ಕಡೆಗಿನ ಭುಜ 500 ಮೈಲಿ, ಪಶ್ಚಿಮದ್ದು 700, ಉತ್ತರದ್ದು 800, ಒಟ್ಟು ಸುತ್ತಳತೆ 2000 ಮೈಲಿ ಎಂಬ ಲೆಕ್ಕವನ್ನೂ ಕೊಟ್ಟಿದ್ದಾನೆ. ಪಶ್ಚಿಮದ ಭುಜ ಸ್ಪೇನಿಗೆ ಅಭಿಮುಖವಾಗಿದೆ ಎಂದು ಬರೆದಿರುವುದನ್ನು ನೋಡಿದರೆ ದ್ವೀಪದ ಬಹುಭಾಗವನ್ನು ಆತ ಕಂಡಿರಲಿಲ್ಲವೆಂಬುದು ಸ್ಪಷ್ಟ. ಲೆಕ್ಕ ಕೂಡಿಸಿದರೆ ಮಾತ್ರ ಸರಿಯಾಗಿ ತಾಳೆಯಾಗುತ್ತದೆ! ಕಾಣದ ತೀರದ ಅಳತೆಯನ್ನು ಇಷ್ಟು ಸಲೀಸಾಗಿ ದುಂಡುಸಂಖ್ಯೆಯಲ್ಲಿ ಬರೆದದ್ದು ನಮ್ಮಂಥ ಲೆಕ್ಕಪತ್ರದವರ ಕಣ್ಣಿಗೆ ಬೀಳದೆ ಇರದು.

ಆದರೆ ರೋಮನ್ ಕವಿಗಳಿಗೆ ಈ ಪದದಿಂದ ಮೊದಲು ನೆನಪಾಗುತ್ತಿದ್ದುದು ಬ್ರಿಟನ್ ಅಲ್ಲ, ಸಿಸಿಲಿ. ಇಟಲಿಯ ಕಾಲ್ಬೆರಳಿನ ಮುಂದೆ ಬಿದ್ದಿರುವ ಆ ದ್ವೀಪಕ್ಕೆ ಪೆಲೋರಸ್, ಪಕೈನಸ್, ಲಿಲಿಬೇಯಂ ಎಂಬ ಮೂರು ಭೂಶಿರಗಳಿವೆ. ಸೃಷ್ಟಿಗೆ ಬೆಂಕಿ, ಗಾಳಿ, ನೀರು, ಮಣ್ಣು ಎಂಬ ನಾಲ್ಕು ಮೂಲವಸ್ತುಗಳನ್ನು ಹೇಳಿದ ಎಂಪೆಡೊಕ್ಲಿಸ್ ಹುಟ್ಟಿದ್ದು ಅಲ್ಲಿ. ಅವನನ್ನು ಸ್ಮರಿಸುವಾಗ ಲುಕ್ರೀಷಿಯಸ್ ಆ ನಾಡಿನ ಮೂರು ಮೂಲೆಯ ತೀರಗಳನ್ನು ಹೇಳುತ್ತಾನೆ. ಹೊರೇಸನ ಒಂದು ವಿಡಂಬನೆಯಲ್ಲಿ ದಾರಿಯಲ್ಲಿ ಸಿಕ್ಕವರೆಲ್ಲ ಅವನನ್ನು ತಡೆದು, ನಿವೃತ್ತ ಸೈನಿಕರಿಗೆ ಕೊಡುತ್ತೇವೆಂದ ಜಮೀನು ‘ಟ್ರೈಕ್ವೆಟ್ರಾ’ದಲ್ಲಿಯೋ ಇಟಲಿಯಲ್ಲಿಯೋ ಎಂದು ಪೀಡಿಸುತ್ತಾರೆ. ಇಲ್ಲಿ ದ್ವೀಪದ ಹೆಸರನ್ನೇ ಹೇಳಿಲ್ಲ. ಮೂರು ಮೂಲೆಯದು ಎಂದರೆ ಸಾಕು, ಓದುಗನಿಗೆ ಸಿಸಿಲಿ ಎಂದು ತಿಳಿಯುತ್ತಿತ್ತು. ಗುಣವಾಚಕವೊಂದು ಅಂಕಿತನಾಮವಾಗಿ ಬಡ್ತಿ ಪಡೆದ ಪರಿ ಇದು.

2000ನೇ ಇಸವಿಯಲ್ಲಿ ಸಿಸಿಲಿ ಪ್ರಾಂತ ಅಂಗೀಕರಿಸಿದ ಧ್ವಜದ ನಡುವೆ ಮೆಡ್ಯೂಸಾಳ ತಲೆ, ಅದರ ಸುತ್ತ ಓಡುವಂತೆ ಮಡಿಸಿದ ಮೂರು ಕಾಲುಗಳು, ಗೋಧಿಯ ತೆನೆಗಳು ಇವೆ. ಈ ಮೂರು ಕಾಲಿನ ಚಿಹ್ನೆಯನ್ನೂ ಹಲವರು ಟ್ರೈಕ್ವೆಟ್ರಾ ಎಂದೇ ಕರೆಯುವುದುಂಟು. ಅದರ ಸರಿಯಾದ ಹೆಸರು ‘ಟ್ರಿಸ್ಕೆಲಿಯನ್’, ಅದು ಗ್ರೀಕ್ ಪದ. ನಮ್ಮ ‘ಮುಕ್ಕಾಲಿ’ಗೆ ಸಮಾನ. ಮೂಲೆಗೂ ಕಾಲಿಗೂ ವ್ಯತ್ಯಾಸವಿದೆಯಷ್ಟೆ.

ಇಂದು ಅಂತರಜಾಲದಲ್ಲಿ ಟ್ರೈಕ್ವೆಟ್ರಾ ಎಂದು ಹುಡುಕಿದರೆ ಮೊದಲು ಎದುರಾಗುವುದು ದ್ವೀಪವೂ ಅಲ್ಲ, ಮೂಳೆಯೂ ಅಲ್ಲ. ಮೂರು ಕಮಾನುಗಳು ಒಂದರೊಳಗೊಂದು ಹೆಣೆದುಕೊಂಡ ಗಂಟಿನ ಚಿತ್ರ. ಅದನ್ನು ಬಿಡಿಸುವ ಕ್ರಮ ಸರಳ. ಒಂದೇ ಅಳತೆಯ ಮೂರು ವೃತ್ತಗಳನ್ನು, ಪ್ರತಿಯೊಂದೂ ಉಳಿದೆರಡರ ಕೇಂದ್ರದ ಮೂಲಕ ಹಾದುಹೋಗುವಂತೆ ಎಳೆಯಬೇಕು. ಆಮೇಲೆ ಪ್ರತಿ ವೃತ್ತದ ಹೊರಗಿನ ಅರ್ಧವನ್ನು ಅಳಿಸಿಬಿಟ್ಟರೆ ಉಳಿಯುವ ಮೂರು ಅರ್ಧವೃತ್ತಗಳೇ ಈ ಗಂಟು. ಅದರಲ್ಲಿ ಒಂದೂ ನೇರ ಗೆರೆಯಿಲ್ಲ, ಆದರೂ ಮೂರು ಮೂಲೆಗಳಿವೆ. ಎಲ್ಲಿಂದ ಹೊರಟರೂ ಕೈ ಎತ್ತದೆ ಇಡೀ ಚಿತ್ರವನ್ನು ಮುಗಿಸಿ ಹೊರಟಲ್ಲಿಗೇ ಬರಬಹುದು. ಚೆನ್ನೈನಲ್ಲಿರುವ ವಾಚಕರಿಗೆ ಬೆಳಗಿನ ಸಿಕ್ಕುಕೋಲ ನೆನಪಾದರೆ ಆಶ್ಚರ್ಯವಿಲ್ಲ. ಹೋಲಿಕೆ ಕಣ್ಣಿಗೆ ಮಾತ್ರ, ಎರಡಕ್ಕೂ ನಂಟು ಕಲ್ಪಿಸುವ ಸಾಹಸ ಬೇಡ.

ಹಳೆಯ ರೋಮನ್ನರು ಈ ಗಂಟಿಗೆ ಈ ಹೆಸರಿಟ್ಟವರಲ್ಲ. ಬಹುಕಾಲದ ನಂತರ ಪುರಾತನ ಅಲಂಕಾರಗಳನ್ನು ಅಭ್ಯಸಿಸಿದ ವಿದ್ವಾಂಸರು ಲ್ಯಾಟಿನ್ ಪೆಟ್ಟಿಗೆಯಿಂದ ತೆಗೆದು ಅಂಟಿಸಿದ ಚೀಟಿ ಇದು. ಸ್ವೀಡನ್ನಿನ ಉಪ್ಲಾಂಡ್ ಪ್ರದೇಶದ ಶಾಸನಕಲ್ಲುಗಳಲ್ಲಿ, ಕ್ರಿಸ್ತಶಕ 800ರ ಸುಮಾರಿನದೆನ್ನಲಾದ, ಈಗ ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನಲ್ಲಿರುವ ಕೆಲ್ಸ್ ಗ್ರಂಥದ ಹಾಳೆಗಳಲ್ಲಿ ಇಂತಹ ಹೆಣಿಗೆ ಕಾಣಸಿಗುತ್ತದೆ. 1066ರಲ್ಲಿ ಇಂಗ್ಲೆಂಡಿನ ಯುದ್ಧಭೂಮಿಯಲ್ಲಿ ಮಡಿದ ನಾರ್ವೆಯ ದೊರೆ ಹೆರಾಲ್ಡ್ ಹಾರ್ಡ್ರಾಡ ಟಂಕಿಸಿದ ಬೆಳ್ಳಿ ನಾಣ್ಯಗಳ ಮೇಲೂ ಅದು ಇದೆ. ಕ್ರೈಸ್ತರು ಇದರಲ್ಲಿ ತಂದೆ, ಮಗ, ಪವಿತ್ರಾತ್ಮರ ಐಕ್ಯವನ್ನು ಕಂಡರು. ಕ್ರೈಸ್ತಪೂರ್ವ ನಂಬಿಕೆಗಳನ್ನು ಮತ್ತೆ ಅನುಸರಿಸುವ ಈಗಿನ ಕೆಲವರು ದೇವಿಯ ಮೂರು ರೂಪಗಳನ್ನು ಕಾಣುತ್ತಾರೆ. 2017ರಿಂದ 2020ರವರೆಗೆ ಬಂದ ‘ಡಾರ್ಕ್’ ಎಂಬ ಜರ್ಮನ್ ಧಾರಾವಾಹಿಯಲ್ಲಿ ಇದು ಕಾಲದ ಮೂರು ಘಟ್ಟಗಳ ಗಂಟಾಯಿತು. ನಮ್ಮ ಮನೆಗಳ ತರುಣರ ಕೊರಳ ಸರದಲ್ಲಿಯೋ ತೋಳಿನ ಹಚ್ಚೆಯಲ್ಲಿಯೋ ಇದನ್ನು ಕಂಡು ಹಿರಿಯರು ಗಾಬರಿಯಾಗುವ ಅಗತ್ಯವಿಲ್ಲ. ಮೂರು ಇರುವಲ್ಲೆಲ್ಲ ಮನುಷ್ಯ ತನಗೆ ಬೇಕಾದ ಮೂರನ್ನು ತುಂಬಿಕೊಳ್ಳುತ್ತಾನೆ.

ನಮ್ಮ ಅಭಿಪ್ರಾಯದಲ್ಲಿ ಈ ಪದದ ಸಂಸಾರದಲ್ಲಿ ಅತ್ಯಂತ ಗೌರವಾರ್ಹ ಸದಸ್ಯನೆಂದರೆ ಖಗೋಳಜ್ಞರ ಟ್ರೈಕ್ವೆಟ್ರಮ್. ಕ್ರಿಸ್ತಶಕ ಎರಡನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದಲ್ಲಿದ್ದ ಟಾಲೆಮಿ ತನ್ನ ‘ಅಲ್ಮಜೆಸ್ಟ್’ ಗ್ರಂಥದಲ್ಲಿ ಈ ಉಪಕರಣವನ್ನು ವಿವರಿಸಿದ್ದಾನೆ. ಆಗಿನ ಸಮಸ್ಯೆ ಇದು: ಆಕಾಶದಲ್ಲಿ ಚಂದ್ರನು ನೆತ್ತಿಯಿಂದ ಎಷ್ಟು ಅಂಶ ಕೆಳಗಿದ್ದಾನೆ ಎಂದು ಅಳೆಯಬೇಕು. ಅದಕ್ಕೆ ದೊಡ್ಡ ಲೋಹದ ಬಳೆಯನ್ನು ಮಾಡಿ ಅಂಚಿನುದ್ದಕ್ಕೂ ಅಂಶಗಳನ್ನು ಕೊರೆಯಬಹುದು. ಆದರೆ ದೊಡ್ಡ ವೃತ್ತವನ್ನು ಸೊಟ್ಟಾಗದಂತೆ ಮಾಡುವುದೂ, ಅದರ ಬಾಗಿದ ಅಂಚಿನಲ್ಲಿ ಸಮಭಾಗ ಮಾಡುವುದೂ ಬಹಳ ಕಷ್ಟ. ನೇರ ಕೋಲಿನ ಮೇಲೆ ಗುರುತು ಹಾಕುವುದಾದರೆ ಒಳ್ಳೆಯ ಬಡಗಿ ಸಾಕು.

ಆದ್ದರಿಂದ ಮೂರು ಕೋಲುಗಳು. ಒಂದು ನೆಟ್ಟಗೆ ನಿಲ್ಲಿಸಿದ ಕಂಬ. ಅದರ ತುದಿಗೆ ಕೀಲು ಹಾಕಿ ಜೋಡಿಸಿದ, ಅಷ್ಟೇ ಉದ್ದದ ಎರಡನೆಯ ಕೋಲು. ಇದರ ಮೇಲಿನ ಎರಡು ರಂಧ್ರಗಳ ಮೂಲಕ ಚಂದ್ರನನ್ನೋ ನಕ್ಷತ್ರವನ್ನೋ ಗುರಿ ನೋಡಬೇಕು. ಕಂಬದ ಬುಡಕ್ಕೆ ಕೀಲು ಹಾಕಿದ ಮೂರನೆಯ ಕೋಲು ಎರಡನೆಯದರ ಕೆಳತುದಿಯನ್ನು ಮುಟ್ಟುತ್ತದೆ, ಅದರ ಮೇಲೆ ಅಳತೆಯ ಗುರುತುಗಳಿರುತ್ತವೆ. ಹೀಗೆ ಎರಡು ಭುಜ ಸಮವಾದ ತ್ರಿಭುಜವಾಗುತ್ತದೆ, ಮೂರನೆಯ ಭುಜದ ಉದ್ದವನ್ನು ಓದಿ ಕೋಷ್ಟಕ ನೋಡಿದರೆ ಕೋನ ಸಿಗುತ್ತದೆ. ಸಮಭುಜಗಳನ್ನು 1000 ಭಾಗವೆಂದು ಹಿಡಿದರೆ, ಮೂರನೆಯ ಕೋಲಿನಲ್ಲಿ ಸುಮಾರು 518 ಬಂದರೆ ನಕ್ಷತ್ರ ನೆತ್ತಿಯಿಂದ 30 ಅಂಶ ದೂರ, 1000 ಬಂದರೆ 60 ಅಂಶ, 1414 ಬಂದರೆ ದಿಗಂತದಲ್ಲಿಯೇ ಇದೆಯೆಂದು ಅರ್ಥ. ಟಾಲೆಮಿ ಈ ಮೂರು ಕೋಲುಗಳ ನೆರವಿನಿಂದ ಚಂದ್ರನ ಸ್ಥಾನಪಲ್ಲಟವನ್ನು ಅಳೆದು, ಚಂದ್ರನು ಭೂಮಿಯ ತ್ರಿಜ್ಯದ ಸುಮಾರು 59 ಪಟ್ಟು ದೂರದಲ್ಲಿದ್ದಾನೆಂಬ ಸರಾಸರಿಗೆ ಬಂದನು. ಇಂದಿನ ಲೆಕ್ಕದಲ್ಲಿ ಅದು ಸುಮಾರು 60.

ಅಲ್ಲಿಂದ ಹದಿಮೂರು ಶತಮಾನಗಳಿಗೂ ಹೆಚ್ಚು ಕಾಲದ ನಂತರ, ಭೂಮಿಯೇ ಸೂರ್ಯನ ಸುತ್ತ ತಿರುಗುತ್ತದೆ ಎಂದ ಕೋಪರ್ನಿಕಸ್ ಕೂಡ ಬಳಸಿದ್ದು ಇದೇ ಮರದ ಕೋಲುಗಳನ್ನು. 1543ರಲ್ಲಿ ಅಚ್ಚಾದ ತನ್ನ ಗ್ರಂಥದಲ್ಲಿ ಅದನ್ನು ವಿವರಿಸಿ, 1414 ಭಾಗಗಳ ಲೆಕ್ಕವನ್ನೂ ಕೊಟ್ಟಿದ್ದಾನೆ. ಅದೇ ವರ್ಷ ಆತ ತೀರಿಕೊಂಡ. 1584ರಲ್ಲಿ ಡೆನ್ಮಾರ್ಕಿನ ಖಗೋಳಜ್ಞ ಟೈಕೊ ಬ್ರಾಹೆ ತನ್ನ ಸಹಾಯಕನನ್ನು ಕೋಪರ್ನಿಕಸನ ಊರಿಗೆ, ಅಂದರೆ ಈಗ ಪೋಲೆಂಡಿನಲ್ಲಿರುವ ಫ್ರೊಂಬೊರ್ಕಿಗೆ ಕಳುಹಿಸಿದಾಗ, ಅಲ್ಲಿನ ಪಾದ್ರಿಯೊಬ್ಬರು ಆ ಹಳೆಯ ಟ್ರೈಕ್ವೆಟ್ರಮನ್ನು ಕಾಣಿಕೆಯಾಗಿ ಕೊಟ್ಟರು. ಟೈಕೊ ಬಳಿ ಆಗ ಯುರೋಪಿನಲ್ಲೇ ಶ್ರೇಷ್ಠವೆನಿಸಿದ ಲೋಹದ ಉಪಕರಣಗಳಿದ್ದವು. ಆದರೂ ಆ ಒರಟು ಮರದ ಕೋಲುಗಳನ್ನು ಆತ ತನ್ನ ವೀಕ್ಷಣಾಲಯದಲ್ಲಿ ಗೌರವದಿಂದ ಇರಿಸಿಕೊಂಡು, ಅದರ ಮೇಲೆ ಲ್ಯಾಟಿನ್‌ನಲ್ಲಿ ಪದ್ಯವನ್ನೂ ಬರೆದನು. ಕೋಪರ್ನಿಕಸನ ಸಿದ್ಧಾಂತವನ್ನು ಪೂರ್ತಿಯಾಗಿ ಒಪ್ಪದವನು ಅವನ ಕೋಲುಗಳಿಗೆ ತಲೆಬಾಗಿದ್ದು ನಮಗೆ ಬಹಳ ಹಿಡಿಸಿದ ಸಂಗತಿ.

ಸಸ್ಯಲೋಕದ ಟ್ರೈಕ್ವೆಟ್ರಮ್ ಬೆರಳಿಗೆ ಸಿಗುವಂಥದು. 1753ರಲ್ಲಿ ಲಿನೇಯಸ್ ಹೆಸರಿಟ್ಟ ‘ಅಲ್ಲಿಯಂ ಟ್ರೈಕ್ವೆಟ್ರಮ್’ ಈರುಳ್ಳಿ ಬೆಳ್ಳುಳ್ಳಿಗಳ ಬಂಧು. ಬಿಳಿಯ ಹೂಗೊಂಚಲನ್ನು ಹೊತ್ತ ಅದರ ದಂಟಿಗೆ ಮೂರು ಅಂಚು. ಮೆಡಿಟರೇನಿಯನ್ ತೀರದ ಈ ಗಿಡ ಬ್ರಿಟನ್ನಿನ ತೋಟಗಳಿಗೆ ಹೋಗಿ ಅಲ್ಲಿಂದ ಬೇಲಿ ಹಾರಿ ಎಷ್ಟು ಹಬ್ಬಿತೆಂದರೆ, ಇಂಗ್ಲೆಂಡಿನಲ್ಲಿ ಇದನ್ನು ಕಾಡಿನಲ್ಲಿ ನೆಡುವುದು ಕಾನೂನಿನ ಪ್ರಕಾರ ಅಪರಾಧ. ಹುರುಳಿ ತೊಗರಿಗಳ ಕುಟುಂಬದ ‘ಟಡೆಹಾಗಿ ಟ್ರೈಕ್ವೆಟ್ರಮ್’ ಎಂಬ ಪೊದೆ ನಮ್ಮ ಪಶ್ಚಿಮ ಘಟ್ಟಗಳಲ್ಲಿಯೂ ಇದೆ. ಇವೆರಡನ್ನೂ ನೋಡಲಾಗದವರು ಯಾವುದೇ ಗದ್ದೆಯ ಬದುವಿನಲ್ಲಿ ಬೆಳೆಯುವ ಜೇಕಿನ ದಂಟನ್ನು ಕಿತ್ತು ಬೆರಳುಗಳ ನಡುವೆ ಹೊರಳಿಸಿ ನೋಡಲಿ. ಹುಲ್ಲಿನಂತೆ ಅದು ಸಲೀಸಾಗಿ ಉರುಳದೆ ಮೂರು ಕಡೆ ತಡೆಯುತ್ತದೆ. ಕೊನ್ನಾರಿ ಗಡ್ಡೆ ಆ ಕುಟುಂಬದ್ದು. ಪ್ರಾಚೀನ ಈಜಿಪ್ಟಿನವರು ಬರೆಯುವ ಹಾಳೆ ಮಾಡಿದ ಪಪೈರಸ್, ತಮಿಳುನಾಡಿನ ಪತ್ತಮಡೈ ಚಾಪೆಯ ಕೋರೈ ಕೂಡ ಆ ಕುಟುಂಬದವೇ.

ಇನ್ನು ಮೂಳೆಯ ವಿಚಾರ. ಹಸ್ತ ಮತ್ತು ಮುಂಗೈ ಸೇರುವ ಮಣಿಕಟ್ಟಿನಲ್ಲಿ ಎಂಟು ಪುಟ್ಟ ಮೂಳೆಗಳು ಎರಡು ಸಾಲಾಗಿ ಕುಳಿತಿವೆ. ಮುಂಗೈಗೆ ಹತ್ತಿರದ ಸಾಲಿನಲ್ಲಿ ಹೆಬ್ಬೆರಳಿನ ಕಡೆಯಿಂದ ಎಣಿಸಿದರೆ ದೋಣಿಯಾಕಾರದ್ದು, ಅರ್ಧಚಂದ್ರಾಕಾರದ್ದು, ಮೂರನೆಯದು ಮೂರು ಮೂಲೆಯ ಟ್ರೈಕ್ವೆಟ್ರಮ್, ಅದರ ಮೇಲೆ ಕುಳಿತ ಬಟಾಣಿಯಂಥದು. ಹೆಸರಿಗೆ ತ್ರಿಕೋನವಾದರೂ ಅದು ನಿಜವಾಗಿ ಪುಟ್ಟ ಗೋಪುರದಂತಿದೆ. ಹುಟ್ಟುವಾಗ ಇವೆಲ್ಲ ಮೃದ್ವಸ್ಥಿಯಾಗಿದ್ದು, ವಯಸ್ಸಿಗೆ ತಕ್ಕಂತೆ ಒಂದೊಂದಾಗಿ ಗಟ್ಟಿಯಾಗುತ್ತವೆ. ಟ್ರೈಕ್ವೆಟ್ರಮ್‌ನ ಸರದಿ ಸುಮಾರು ಮೂರನೆಯ ವರ್ಷದಲ್ಲಿ. ಮಕ್ಕಳ ಬೆಳವಣಿಗೆ ತಿಳಿಯಲು ವೈದ್ಯರು ಕೈಯ ಎಕ್ಸ್‌ರೇ ತೆಗೆಸುವುದಕ್ಕೆ ಇದೂ ಒಂದು ಕಾರಣ. ತಲೆಬುರುಡೆಯ ಹೊಲಿಗೆಗಳ ನಡುವೆ ಕೆಲವರಲ್ಲಿ ಕಾಣುವ ಹೆಚ್ಚುವರಿ ಮೂಳೆಚೂರುಗಳಿಗೂ ಹಿಂದೆ ಇದೇ ಹೆಸರಿತ್ತು. ಈಗ ಅವುಗಳನ್ನು ಡೆನ್ಮಾರ್ಕಿನ ವೈದ್ಯ ಓಲೆ ವರ್ಮ್‌ನ ಹೆಸರಿನಿಂದ ಕರೆಯುತ್ತಾರೆ.

ಕೈಯೂರಿ ಬಿದ್ದಾಗ ಮಣಿಕಟ್ಟಿನಲ್ಲಿ ಹೆಚ್ಚಾಗಿ ಮುರಿಯುವುದು ದೋಣಿಮೂಳೆ, ಅದರ ನಂತರ ಸಾಮಾನ್ಯವಾಗಿ ಪೆಟ್ಟಾಗುವುದು ಈ ಟ್ರೈಕ್ವೆಟ್ರಮ್‌ಗೆ. ಕೆಲವು ವರ್ಷಗಳ ಹಿಂದೆ ನಮ್ಮ ಸಹೋದ್ಯೋಗಿಯೊಬ್ಬರು ಮಳೆಗಾಲದಲ್ಲಿ ರೈಲು ನಿಲ್ದಾಣದ ಮೆಟ್ಟಿಲಿನಲ್ಲಿ ಜಾರಿ ಅಂಗೈಯೂರಿ ಬಿದ್ದರು. ಮೊದಲು ಹೋದ ಚಿಕಿತ್ಸಾಲಯದಲ್ಲಿ ನೇರವಾಗಿ ಒಂದು ಎಕ್ಸ್‌ರೇ ತೆಗೆದು, ಮುರಿದಿಲ್ಲ, ಉಳುಕಿದೆಯಷ್ಟೆ ಎಂದು ಕಳುಹಿಸಿದರು. ಎರಡು ವಾರವಾದರೂ ಕಿರುಬೆರಳಿನ ಕಡೆಯ ನೋವು ಇಳಿಯಲಿಲ್ಲ. ಪೆನ್ನು ಹಿಡಿದರೂ ನೋವು, ನೋಟಿನ ಕಟ್ಟು ಎತ್ತಿದರೂ ನೋವು. ಮತ್ತೊಬ್ಬ ವೈದ್ಯರು ಪಕ್ಕದಿಂದ ಎಕ್ಸ್‌ರೇ ತೆಗೆಸಿದಾಗ ಟ್ರೈಕ್ವೆಟ್ರಮ್‌ನ ಹಿಂಬದಿಯಿಂದ ಚಕ್ಕೆಯೊಂದು ಎದ್ದಿರುವುದು ಕಂಡಿತು. ಈ ಮೂಳೆಯ ಚಕ್ಕೆ ನೇರ ಚಿತ್ರದಲ್ಲಿ ಇತರ ಮೂಳೆಗಳ ಮರೆಯಲ್ಲಿ ಅಡಗಿಬಿಡುತ್ತದೆ, ಪಕ್ಕದ ಚಿತ್ರದಲ್ಲಿ ಮಾತ್ರ ತಲೆ ಎತ್ತುತ್ತದೆ. ಬಿದ್ದ ಮೇಲೆ ಕಿರುಬೆರಳಿನ ಕಡೆ ನೋವು ನಿಲ್ಲದಿದ್ದರೆ ಪಕ್ಕದ ಚಿತ್ರವನ್ನೂ ತೆಗೆದಿದ್ದಾರೆಯೇ ಎಂದು ಕೇಳಿ ತಿಳಿಯುವುದು ಒಳ್ಳೆಯದು.

ವರದಿ ಮನೆಗೆ ಬಂದಾಗ ಇನ್ನೊಂದು ಪ್ರಸಂಗ ನಡೆಯಿತು. ಕಾಲೇಜಿನಲ್ಲಿ ಓದುವ ಮಗಳು ಆ ಪದವನ್ನು ಹುಡುಕಿದರೆ ಸಿಕ್ಕಿದ್ದು ಗಂಟಿನ ಚಿತ್ರ ಮತ್ತು ಕಾಡು ಈರುಳ್ಳಿ. ಕೊನೆಗೆ ಆಕೆ ಅಜ್ಜನಿಗೆ ‘ತ್ರಿಕೋನದ ಮೂಳೆ’ ಎಂದು ಕನ್ನಡದಲ್ಲಿ ತಿಳಿಸಿದಳು. ಆಯುರ್ವೇದವನ್ನು ಸ್ವಲ್ಪ ಓದಿಕೊಂಡಿದ್ದ ಆ ಹಿರಿಯರು, “ತ್ರಿಕಾಸ್ಥಿ ಸೊಂಟದ್ದಲ್ಲವೇನಮ್ಮಾ? ನಿಮ್ಮಪ್ಪನ ಕೈಗೇಕೆ ಪಟ್ಟಿ ಹಾಕಿದ್ದಾರೆ?” ಎಂದು ಚಿಂತೆಗೊಳಗಾದರು. ಅವರ ಪ್ರಶ್ನೆ ನ್ಯಾಯವಾದದ್ದೇ. ಬೆನ್ನೆಲುಬಿನ ಬುಡದಲ್ಲಿರುವ ತ್ರಿಕೋನಾಕಾರದ ಮೂಳೆಗೆ ನಮ್ಮಲ್ಲಿ ತ್ರಿಕಾಸ್ಥಿ ಎಂದು ಹೆಸರು. ಮಣಿಕಟ್ಟಿನದನ್ನು ತ್ರಿಕೋನಾಸ್ಥಿ ಎಂದರೆ ಒಂದಕ್ಷರದ ಅಂತರದಲ್ಲಿ ರೋಗಿ ಕೈಯಿಂದ ಸೊಂಟಕ್ಕೆ ಇಳಿದುಬಿಡುತ್ತಾನೆ. ಅಚ್ಚಕನ್ನಡದಲ್ಲಿ ‘ಮುಮ್ಮೂಲೆ ಮೂಳೆ’ ಎನ್ನೋಣವೆಂದರೆ, ಲಕಾರ ಳಕಾರಗಳನ್ನು ಬೇರ್ಪಡಿಸಲಾರದ ನಮ್ಮ ಮಹಾನಗರದ ಮಕ್ಕಳ ಬಾಯಲ್ಲಿ ಅದು ಏನಾದೀತೋ ಹೇಳುವುದು ಕಷ್ಟ. ನಮಗಂತೂ ‘ಮಣಿಕಟ್ಟಿನ ಮುಮ್ಮೂಲೆ’ ಎಂಬುದು ಯೋಗ್ಯವೆನಿಸುತ್ತದೆ. ಆಕಾರದ ಪದ ತಾನಾಗಿ ವಿಳಾಸ ಹೇಳದು, ಮನೆಯ ಹೆಸರನ್ನು ನಾವೇ ಸೇರಿಸಬೇಕಾಗುತ್ತದೆ.

ಕನ್ನಡಕ್ಕೆ ಇದೇನೂ ಹೊಸ ಅಭ್ಯಾಸವಲ್ಲ. ಶಾಲೆಯ ಗಣಿತದಲ್ಲಿ ತ್ರಿಭುಜ, ಆದರೆ ಮೇಲಿನ ತರಗತಿಯಲ್ಲಿ ತ್ರಿಕೋನಮಿತಿ. ಚುನಾವಣೆ ಬಂದರೆ ತ್ರಿಕೋನ ಸ್ಪರ್ಧೆ, ಚಲನಚಿತ್ರದಲ್ಲಿ ತ್ರಿಕೋನ ಪ್ರೇಮ, ಯೋಗದಲ್ಲಿ ತ್ರಿಕೋನಾಸನ. ಜಾತಕದಲ್ಲಿ ಒಂದು, ಐದು, ಒಂಬತ್ತನೆಯ ಮನೆಗಳು ತ್ರಿಕೋನ. ಜ್ಯೋತಿಷದ ಈ ‘ತ್ರಿಕೋನ’ವೇ ಗ್ರೀಕರ ‘ಟ್ರಿಗೊನಾನ್’ನಿಂದ ಬಂದಿತೆಂದು ವಿದ್ವಾಂಸರು ಹೇಳುತ್ತಾರೆ.

ಲ್ಯಾಟಿನ್‌ನ ಟ್ರೈಕ್ವೆಟ್ರಾಕ್ಕೆ ಸಾಟಿಯಾಗಿ ನಿಲ್ಲಬಲ್ಲ ಪದವೊಂದು ಸಂಸ್ಕೃತದಲ್ಲಿದೆ: ‘ಶೃಂಗಾಟಕ’. ಶೃಂಗವೆಂದರೆ ಕೊಂಬು. ಕೊಂಬಿನಂಥ ಮುಳ್ಳುಗಳುಳ್ಳ, ಕೆರೆಯಲ್ಲಿ ಬೆಳೆಯುವ ಒಂದು ಕಾಯಿಗೆ ಈ ಹೆಸರು. ಮೂರೋ ನಾಲ್ಕೋ ದಾರಿಗಳು ಕೂಡುವ ಸ್ಥಳಕ್ಕೂ ಅದೇ ಹೆಸರು. ಭೀಷ್ಮಪರ್ವದಲ್ಲಿ ಅದೊಂದು ಸೇನಾವ್ಯೂಹ. ಸುಶ್ರುತಸಂಹಿತೆಯಲ್ಲಿ ಮೂಗು, ಕಿವಿ, ಕಣ್ಣು, ನಾಲಿಗೆಗಳನ್ನು ಪೋಷಿಸುವ ನಾಳಗಳು ಸೇರುವ ತಲೆಯೊಳಗಿನ ಮರ್ಮಸ್ಥಾನ. ಯುದ್ಧಭೂಮಿ, ಬೀದಿ, ಶರೀರ, ಕೆರೆ ಎಲ್ಲೆಡೆಯೂ ಓಡಾಡಿದ ಆ ಪದ ಇಂದಿಗೂ ಬದುಕಿದೆ. ದೆಹಲಿಯ ವಾಚಕರು ನವರಾತ್ರಿಯ ಉಪವಾಸಕ್ಕೆ ತರುವ ಸಿಂಘಾಡಾ ಹಿಟ್ಟು, ಮುಂಬಯಿ ಪುಣೆಗಳಲ್ಲಿ ಏಕಾದಶಿಗೆ ತರುವ ಶಿಂಗಾಡಾ ಹಿಟ್ಟು ಅದೇ ಕಾಯಿಯದು. ಬಂಗಾಳದಲ್ಲಿ ಕಾಯಿಯ ಆಕಾರದಿಂದಾಗಿ ಆ ಹೆಸರು ಸಮೋಸಾಕ್ಕೆ ವರ್ಗವಾಗಿ, ಸಂಜೆಯ ಚಹಾದೊಡನೆ ಶಿಂಗಾಡಾ ಆಗಿದೆ. ಹೈದರಾಬಾದಿನ ವಾಚಕರು ತಮ್ಮೂರಿನ ಲುಖ್ಮಿಯ ಬಗ್ಗೆ ಕೇಳಬಹುದು. ಅದೂ ಸಮೋಸಾದ ತಮ್ಮನೇ. ಆದರೆ ಅದು ಚೌಕವಾಗಿರುವುದರಿಂದ ಈ ಲೇಖನದಲ್ಲಿ ಅದಕ್ಕೆ ಸ್ಥಳವಿಲ್ಲ.